ಉಡ ಡೈನೋಸಾರ್‌ನ ಮರಿಮಗನಾ?

ಪ್ರಶ್ನೆ: ‘ಡೈನೋಸಾರ್ ಅಂದರೆ ಗ್ರೀಕ್ ಭಾಷೆಯಲ್ಲಿ ಭಯಂಕರ ಹಲ್ಲಿ ಅಂತೆ. ಹಾಗಾದರೆ ನಮ್ಮ ಅಡಿಕೆ ತೋಟದಲ್ಲಿ ಓಡಾಡುವ ಉಡ ಅದರದೇ ಸಂತಾನ ಅಲ್ವಾ ಮಾಷ್ಟ್ರೇ?’

ಅಲ್ಲ. ಉಡವೂ ಅಲ್ಲ, ಹಲ್ಲಿಯೂ ಅಲ್ಲ, ಓತಿಕ್ಯಾತವೂ ಅಲ್ಲ. ಈ ಪ್ರಶ್ನೆ ಕುಂಬಳೆಯಿಂದ ಬರುತ್ತದೆ, ಬದಿಯಡ್ಕದಿಂದ ಬರುತ್ತದೆ, ಮುಳ್ಳೇರಿಯದಿಂದಲೂ ಬರುತ್ತದೆ. ಮಕ್ಕಳು ಕೇಳಿದರೆ ಸಂತೋಷವೇ. ಈಗ ಅಪ್ಪ ಅಮ್ಮಂದಿರೂ ಶುರು ಮಾಡಿದ್ದಾರೆ. ಒಬ್ಬೊಬ್ಬರಿಗೆ ಬೇರೆ ಬೇರೆ ಹೇಳಿ ಸಾಕಾಗಿದೆ. ಈ ಸಲ ಎಲ್ಲರಿಗೂ ಸೇರಿಸಿ ಬರೆಯುತ್ತೇನೆ, ದಯವಿಟ್ಟು ಪೂರ್ತಿ ಓದಿ.

ಹೆಸರಿನ ಅರ್ಥ ನೀವು ಹೇಳಿದ್ದು ಸರಿಯೇ. ‘ಡೈನೋಸ್’ ಅಂದರೆ ಭಯ ಹುಟ್ಟಿಸುವಂಥದ್ದು, ‘ಸಾರೋಸ್’ ಅಂದರೆ ಹಲ್ಲಿ. ಎರಡನ್ನೂ ಸೇರಿಸಿ 1842ರಲ್ಲಿ ಹೆಸರಿಟ್ಟವರು ಇಂಗ್ಲೆಂಡಿನ ರಿಚರ್ಡ್ ಓವನ್. ಅವರ ಕೈಯಲ್ಲಿ ಇದ್ದದ್ದು ಮೂರೇ ಮೂರು ಪ್ರಾಣಿಗಳ ಎಲುಬು: ಮೆಗಲೋಸಾರಸ್, ಇಗ್ವಾನೋಡಾನ್, ಹೈಲಿಯೋಸಾರಸ್. ಇದರಲ್ಲಿ ಇಗ್ವಾನೋಡಾನ್‌ಗೆ 1825ರಲ್ಲಿ ಹೆಸರು ಕೊಟ್ಟವರು ಗಿಡಿಯನ್ ಮ್ಯಾಂಟೆಲ್. ಸಿಕ್ಕಿದ ಹಲ್ಲು ಇಗ್ವಾನಾ ಎಂಬ ಹಲ್ಲಿಯ ಹಲ್ಲಿನ ಹಾಗೆಯೇ ಇತ್ತು. ಹಾಗಾಗಿ ಆ ಕಾಲದವರ ತಲೆಯಲ್ಲಿ ಹಲ್ಲಿಯೇ ಕೂತಿತ್ತು, ಹೆಸರಿಗೂ ಅದೇ ಬಂತು.

ಹೆಸರಿಗೆ ಬಂತು ಅಂತ ರಕ್ತಕ್ಕೆ ಬರುವುದಿಲ್ಲ. ಡೈನೋಸಾರ್ ಕುಗ್ಗಿ ಕುಗ್ಗಿ ಉಡ ಆಯಿತು ಅನ್ನುವ ಮಾತು ಎಷ್ಟು ಸಲ ಕಿತ್ತರೂ ಮತ್ತೆ ಚಿಗುರುತ್ತದೆ. ಇವತ್ತು ಅದನ್ನು ಬೇರು ಸಮೇತ ಕೀಳೋಣ.

ಮೊದಲು ಉಡ ನಡೆಯುವುದನ್ನು ನೋಡಿ. ಅದರ ಕಾಲು ಮೈಯ ಪಕ್ಕದಿಂದ ಹೊರಗೆ ಚಾಚಿ, ಮೊಣಕಾಲಿನ ಹತ್ತಿರ ಮಡಚಿರುತ್ತದೆ. ಒಂದೊಂದು ಹೆಜ್ಜೆಗೂ ಸೊಂಟ ಎಡಕ್ಕೆ ಬಲಕ್ಕೆ ಬಳುಕುತ್ತದೆ. ಇನ್ನು ಅಂಗಳದ ಕೋಳಿಯನ್ನು ನೋಡಿ. ಅದರ ಕಾಲು ನೇರ ಮೈಯ ಅಡಿಯಲ್ಲಿದೆ. ಡೈನೋಸಾರ್ ನಿಂತದ್ದು ಕೋಳಿಯ ಹಾಗೆ, ಉಡದ ಹಾಗಲ್ಲ. ಓವನ್‌ಗೂ ಇದು ಗೊತ್ತಿತ್ತು. ಆಗ ಗೊತ್ತಿದ್ದ ಹಲ್ಲಿಗಳಲ್ಲಿ ಇಲ್ಲದ ಗಟ್ಟಿ ಸೊಂಟ, ಕಂಬದಂಥ ಕಾಲು ಕಂಡೇ ಅವರು ಇವಕ್ಕೆ ಬೇರೆ ಗುಂಪು ಮಾಡಿದರು.

ನಂಬಿಕೆ ಬರಲಿಲ್ವಾ? ಮುಂದಿನ ಆದಿತ್ಯವಾರ ಮನೆಯಲ್ಲಿ ಕೋರಿ ರೊಟ್ಟಿ ಮಾಡಿದರೆ ಕೋಳಿಯ ಸೊಂಟದ ಎಲುಬನ್ನು ಬಿಸಾಡಬೇಡಿ. ತೊಡೆಯ ಎಲುಬಿನ ಗುಂಡು ಕೂರುವ ಜಾಗವನ್ನು ತೊಳೆದು ಬೆಳಕಿಗೆ ಹಿಡಿಯಿರಿ. ಅಲ್ಲಿ ಆಚೆ ಈಚೆ ಕಾಣುವ ತೂತು ಇದೆ. ಉಡದ ಸೊಂಟದಲ್ಲಿ ಅದೇ ಜಾಗದಲ್ಲಿ ಬರೀ ಗುಳಿ, ಅದರ ತಳ ಮುಚ್ಚಿದೆ. ಆ ತೂತು ಡೈನೋಸಾರ್‌ಗಳ ಗುರುತು. ನಮ್ಮ ಕೋಳಿಗೆ ಅದು ಬಂದದ್ದು ಅಲ್ಲಿಂದಲೇ. ಹಕ್ಕಿಗಳು ಡೈನೋಸಾರ್‌ಗಳ ಒಂದು ಕವಲು. 6.6 ಕೋಟಿ ವರ್ಷದ ಹಿಂದಿನ ಆ ದೊಡ್ಡ ನಾಶದಲ್ಲಿ ಉಳಿದುಕೊಂಡ ಕವಲು. ಹಲ್ಲಿಗಳ ದಾರಿ ಡೈನೋಸಾರ್‌ಗಳ ಪೂರ್ವಜರಿಂದ ಬೇರೆಯಾಗಿ 25 ಕೋಟಿ ವರ್ಷಕ್ಕೂ ಜಾಸ್ತಿ ಆಯಿತು. ಆಗ ಡೈನೋಸಾರ್ ಅನ್ನುವುದು ಹುಟ್ಟಿಯೇ ಇರಲಿಲ್ಲ.

‘ಹಾಗಾದರೆ ತಪ್ಪು ಹೆಸರನ್ನು ಬದಲಾಯಿಸಬಾರದಾ?’ ಇಲ್ಲ. ನಮ್ಮಲ್ಲಿ ಹೊಸಮನೆ ಅನ್ನುವ ಮನೆ ಗೋಡೆ ಕುಸಿಯುವಷ್ಟು ಹಳೆಯದಾದರೂ ಹೊಸಮನೆಯೇ ಅಲ್ವಾ? ಪ್ರಾಣಿಗಳ ಹೆಸರಿಗೂ ಮೊದಲು ಇಟ್ಟದ್ದೇ ಉಳಿಯಬೇಕು ಅಂತ ನಿಯಮ ಇದೆ. ಬೆಸಿಲೋಸಾರಸ್ ಕಥೆ ಕೇಳಿ. ಅಮೆರಿಕದ ರಿಚರ್ಡ್ ಹಾರ್ಲನ್ 1834ರಲ್ಲಿ ಅದಕ್ಕೆ ‘ರಾಜ ಹಲ್ಲಿ’ ಅಂತ ಹೆಸರಿಟ್ಟರು. ಐದು ವರ್ಷ ಕಳೆದು ಅದರ ಹಲ್ಲು ನೋಡಿದ ಇದೇ ಓವನ್, ಒಂದೊಂದು ದವಡೆ ಹಲ್ಲಿಗೂ ಎರಡು ಬೇರು ಇರುವುದನ್ನು ಕಂಡು, ಇದು ಹಾಲೂಡಿಸುವ ಪ್ರಾಣಿ ಅಂದರು. ಅದು ತಿಮಿಂಗಿಲ! ಓವನ್ ಬೇರೆ ಹೆಸರು ಕೊಟ್ಟು ನೋಡಿದರೂ ನಿಲ್ಲಲಿಲ್ಲ. ಇವತ್ತಿಗೂ ಆ ತಿಮಿಂಗಿಲ ಬೆಸಿಲೋಸಾರಸ್ಸೇ.

ಹೆಸರಿನಲ್ಲಿ ‘ಸಾರಸ್’ ಇದ್ದದ್ದೆಲ್ಲ ಡೈನೋಸಾರ್ ಅಲ್ಲ. ಇಕ್ತಿಯೋಸಾರಸ್ ಅಂದರೆ ಮೀನು ಹಲ್ಲಿ. ಅದು ಸಮುದ್ರದ ಪ್ರಾಣಿ, ಡೈನೋಸಾರ್ ಅಲ್ಲ. ಇನ್ನು ಟ್ರೈಸೆರಟಾಪ್ಸ್ ಹೆಸರಿನಲ್ಲಿ ಸಾರಸ್ ಇಲ್ಲವೇ ಇಲ್ಲ. ಮೂರು, ಕೊಂಬು, ಮುಖ ಅನ್ನುವ ಮೂರು ಗ್ರೀಕ್ ಮಾತು ಸೇರಿ ಆದದ್ದು. ಅದು ಅಪ್ಪಟ ಡೈನೋಸಾರ್. ಉಡಕ್ಕೆ ಒಬ್ಬ ದೊಡ್ಡ ನೆಂಟ ಬೇಕೇ ಬೇಕು ಅಂತಿದ್ದರೆ ಮೊಸಾಸಾರಸ್ ಇದೆ. ಯುರೋಪಿನ ಮ್ಯೂಸ್ ನದಿಯ ಹೆಸರು ಹೊತ್ತ ಸಮುದ್ರ ಪ್ರಾಣಿ. ಇದು ನಿಜವಾಗಿಯೂ ಹಾವು, ಉಡಗಳ ಬಳಗದ್ದು. ಇಲ್ಲಿ ಮಾತ್ರ ‘ಸಾರಸ್’ ಸರಿಯಾಗಿ ಕೂತಿದೆ.

ಯಾರೂ ಕೇಳಲಿಲ್ಲ, ಆದರೂ ಮೊಸಳೆಯ ವಿಷಯ ಹೇಳದೆ ಬಿಡಲು ನನಗೆ ಮನಸ್ಸಿಲ್ಲ. ಕ್ರೊಕೊಡೈಲ್ ಅನ್ನುವುದೂ ಗ್ರೀಕ್ ಮಾತೇ. ಈಜಿಪ್ಟಿಗೆ ಹೋದ ಅಯೋನಿಯಾದ ಗ್ರೀಕರು ನೈಲ್ ನದಿಯ ಆ ದೊಡ್ಡ ಪ್ರಾಣಿಗೆ ತಮ್ಮ ಊರಿನ ಕಲ್ಲುಗೋಡೆಗಳಲ್ಲಿ ಇರುತ್ತಿದ್ದ ಹಲ್ಲಿಯ ಹೆಸರನ್ನೇ ಇಟ್ಟರು ಅಂತ ಹಳೆಯ ಗ್ರೀಕ್ ಇತಿಹಾಸಕಾರ ಹೆರೊಡೋಟಸ್ ಬರೆದಿದ್ದಾನೆ. ನಮ್ಮ ಮುರಕಲ್ಲಿನ ಪಾಗಾರದ ಸಂದಿಯಿಂದ ಇಣುಕುವ ಓತಿಯನ್ನು ನೆನಪು ಮಾಡಿಕೊಂಡು ಕುಂಬಳೆ ಹತ್ತಿರದ ಅನಂತಪುರ ದೇವಸ್ಥಾನದ ಕೆರೆಯಲ್ಲಿದ್ದ ಮೊಸಳೆ ಬಬಿಯಾನನ್ನು ಕರೆದ ಹಾಗೆ. 2022ರ ಅಕ್ಟೋಬರಿನಲ್ಲಿ ಬಬಿಯಾ ತೀರಿಕೊಂಡಾಗ ‘ಡೈನೋಸಾರ್ ಕಾಲದ ದೊಡ್ಡ ಹಲ್ಲಿ’ ಅಂತ ಎಷ್ಟೋ ಜನ ಹೇಳಿದರು. ಮೊಸಳೆ ಹಲ್ಲಿಯೇ ಅಲ್ಲ. ಹಲ್ಲಿಯ ಹೃದಯದಲ್ಲಿ ಮೂರು ಕೋಣೆ, ಮೊಸಳೆಯದರಲ್ಲಿ ನಾಲ್ಕು, ಹಕ್ಕಿಯದರಲ್ಲೂ ನಾಲ್ಕು. ತಾಯಿ ಮೊಸಳೆ ಗೂಡು ಕಾಯುತ್ತದೆ, ಮೊಟ್ಟೆಯೊಳಗಿನ ಮರಿಯ ದನಿ ಕೇಳಿ ಮಣ್ಣು ಕೆದಕುತ್ತದೆ, ಮರಿಗಳನ್ನು ಬಾಯಲ್ಲಿ ಹೊತ್ತು ನೀರಿಗೆ ಬಿಡುತ್ತದೆ. ಈಗ ಬದುಕಿರುವ ಪ್ರಾಣಿಗಳಲ್ಲಿ ಬಬಿಯಾನ ಜಾತಿಗೆ ಹತ್ತಿರದ ನೆಂಟರು ಯಾರು ಅಂದರೆ ಕೋಳಿ, ಕಾಗೆ, ನವಿಲು. ಉಡ ಅಲ್ಲ.