90 ದಿನ ದಾಟಿದ ಮೇಲೆ ರಿಟನ್ ಸ್ಟೇಟ್‌ಮೆಂಟ್ ಹಾಕಬಹುದಾ?

ಓದುಗರ ಪ್ರಶ್ನೆ: ದಾಯಾದಿಗಳು ನಮ್ಮ ಮೇಲೆ ಪಾಲಿನ ದಾವೆ ಹಾಕಿದ್ದಾರೆ. ಸಮನ್ಸ್ ಬಂದು ನಾಲ್ಕು ತಿಂಗಳು ಮೇಲಾಯಿತು. ವಕಾಲತ್ತು ಹಾಕಿದ್ದೇವೆ, ರಿಟನ್ ಸ್ಟೇಟ್‌ಮೆಂಟ್, ಅಂದರೆ ದಾವೆಗೆ ನಮ್ಮ ಲಿಖಿತ ಉತ್ತರ, ಇನ್ನೂ ಕೊಟ್ಟಿಲ್ಲ. 90 ದಿನ ದಾಟಿದರೆ ಕಥೆ ಮುಗಿಯಿತು ಅಂತ ಎಲ್ಲರೂ ಹೆದರಿಸುತ್ತಿದ್ದಾರೆ. ನಿಜವೇ?

ಮುಗಿದಿಲ್ಲ. ಹಾಗಂತ ಇನ್ನೊಂದು ವಾಯಿದೆ ತೆಗೆದುಕೊಂಡು ಸುಮ್ನೆ ಕೂರುವಂತೆಯೂ ಇಲ್ಲ.

ಸಿವಿಲ್ ದಾವೆ ನಡೆಸುವ ಕ್ರಮ ಹೇಳುವ ಕಾಯ್ದೆಯಾದ ಸಿಪಿಸಿಯ 8ನೇ ಆರ್ಡರ್, 1ನೇ ರೂಲ್ ಹೇಳುವುದು ಇಷ್ಟು: ಸಮನ್ಸ್ ಜಾರಿಯಾದ ದಿನದಿಂದ 30 ದಿನದಲ್ಲಿ ರಿಟನ್ ಸ್ಟೇಟ್‌ಮೆಂಟ್ ಕೊಡಬೇಕು. ಆಗದಿದ್ದರೆ ಜಡ್ಜ್ ಕಾರಣ ಬರೆದು 90 ದಿನದವರೆಗೆ ಸಮಯ ಕೊಡಬಹುದು. ಎರಡೂ ಲೆಕ್ಕ ಶುರುವಾಗುವುದು ಸಮನ್ಸ್ ಜಾರಿಯಾದ ದಿನದಿಂದಲೇ. 30 ಮುಗಿದ ಮೇಲೆ ಇನ್ನೂ 90 ಸಿಗುತ್ತದೆ ಅಂತ ತಿಳಿದುಕೊಂಡವರು ಬಹಳ ಜನ ಇದ್ದಾರೆ.

90ಕ್ಕೆ ಬಾಗಿಲು ಹಾಕಿದಂತೆ ಕಾಣುತ್ತದೆ, ಅಲ್ವಾ? ಆದರೆ 2005ರಲ್ಲಿ ಸುಪ್ರೀಂ ಕೋರ್ಟ್ ಕೈಲಾಶ್ ವಿರುದ್ಧ ನನ್ಹಕು ಕೇಸಿನಲ್ಲಿ, ಅದು ಮೂಲದಲ್ಲಿ ಒಂದು ಚುನಾವಣಾ ತಕರಾರು, ಈ ಮಿತಿ ಕಡ್ಡಾಯ ಅಲ್ಲ ಎಂದಿತು. 90 ದಿನ ಮೀರಬಾರದು ಅಂತ ರೂಲಿನಲ್ಲಿದೆ, ಮೀರಿದರೆ ಏನಾಗುತ್ತದೆ ಅಂತ ಮಾತ್ರ ಎಲ್ಲೂ ಬರೆದಿಲ್ಲ. ಅದೇ ವರ್ಷ ಸೇಲಂ ಅಡ್ವೊಕೇಟ್ ಬಾರ್ ಅಸೋಸಿಯೇಷನ್ ಕೇಸಿನಲ್ಲೂ ಇದೇ ಮಾತು ಬಂತು, ಜೊತೆಗೆ ಒಂದು ಎಚ್ಚರಿಕೆ: ತೀರಾ ಕಷ್ಟದ ಪ್ರಸಂಗದಲ್ಲಿ ಮಾತ್ರ, ಕೇಳಿದವರಿಗೆಲ್ಲ ಅಲ್ಲ.

ನಿಮ್ಮದು ವ್ಯಾಪಾರದ ವ್ಯಾಜ್ಯ ಆಗಿದ್ದರೆ ನನ್ನ ಉತ್ತರ ಬೇರೆಯೇ ಆಗುತ್ತಿತ್ತು. 2015ರ ಕಮರ್ಷಿಯಲ್ ಕೋರ್ಟ್ಸ್ ಕಾಯ್ದೆ ಬಂದಾಗ ಆ ಕೋರ್ಟುಗಳಿಗೆ 120 ದಿನದ ಗಡಿ ಹಾಕಿದರು, ಮತ್ತು ಸಾಮಾನ್ಯ ದಾವೆಯ ರೂಲಿನಲ್ಲಿ ಇಲ್ಲದ್ದನ್ನು ಇಲ್ಲಿ ಬಾಯಿಬಿಟ್ಟು ಬರೆದರು: ಅದು ದಾಟಿದರೆ ಪ್ರತಿವಾದಿ ಹಕ್ಕು ಕಳೆದುಕೊಳ್ಳುತ್ತಾನೆ, ಕೋರ್ಟು ಅದನ್ನು ದಾಖಲೆಗೆ ತೆಗೆದುಕೊಳ್ಳುವಂತಿಲ್ಲ. 121ನೇ ದಿನ ಯಾವ ಕಾರಣವೂ ನಡೆಯುವುದಿಲ್ಲ ಎಂದು 2019ರಲ್ಲಿ ಎಸ್‌ಸಿಜಿ ಕಾಂಟ್ರ್ಯಾಕ್ಟ್ಸ್ ಕೇಸಿನಲ್ಲಿ ಸುಪ್ರೀಂ ಕೋರ್ಟೇ ಹೇಳಿತು. 3 ಲಕ್ಷ ರೂಪಾಯಿ ಮೇಲಿನ ವ್ಯಾಪಾರದ ಜಗಳವೆಲ್ಲ ಅಲ್ಲಿಗೆ ಹೋಗಬಹುದು, ಹಾಗಾಗಿ ದೊಡ್ಡ ಕಂಪನಿಗಳ ತಲೆನೋವು ಅಂದುಕೊಳ್ಳಬೇಡಿ. ಗ್ರಾಹಕ ಆಯೋಗ ಇನ್ನೂ ಬಿಗಿ: 30 ದಿನ, ಮೇಲೆ 15, ಅಷ್ಟೇ.

ಪಾಲಿನ ದಾವೆ ಇವೆರಡರಲ್ಲೂ ಬರುವುದಿಲ್ಲ. ನಿಮಗೆ ದಾರಿ ಇದೆ. ಆದರೆ ಬರಿಗೈಯಲ್ಲಿ ಸಮಯ ಕೇಳಬೇಡಿ. ರಿಟನ್ ಸ್ಟೇಟ್‌ಮೆಂಟ್ ಪೂರ್ತಿ ತಯಾರು ಮಾಡಿ, ತಡ ಮನ್ನಿಸಿ ಅಂತ ಒಂದು ಐಎ (ಮಧ್ಯಂತರ ಅರ್ಜಿ), ಅದಕ್ಕೆ ನಿಮ್ಮ ಅಫಿಡವಿಟ್, ಮೂರನ್ನೂ ಒಟ್ಟಿಗೆ ಹಾಕಿ. ಕಾರಣಕ್ಕೆ ತಾರೀಖು ಇರಲಿ, ಕಾಗದ ಇರಲಿ. ಅಪ್ಪ ಆಸ್ಪತ್ರೆಯಲ್ಲಿದ್ದರೆ ಡಿಸ್ಚಾರ್ಜ್ ಸಮ್ಮರಿ, ಹಳೇ ಪಹಣಿ ನಕಲಿಗಾಗಿ ತಾಲ್ಲೂಕು ಕಚೇರಿಗೆ ಅಲೆದಿದ್ದರೆ ಅರ್ಜಿಯ ರಸೀದಿ. "ವಕೀಲರು ಬಿಜಿ ಇದ್ದರು" ಅನ್ನುವುದು ಜಡ್ಜ್ ದಿನಾ ಕೇಳುವ ಮಾತು, ಅದನ್ನೇ ನಂಬಿಕೊಂಡು ಹೋಗಬೇಡಿ. ಐಎ ಒಪ್ಪಿದರೂ ಕಾಸ್ಟ್, ಅಂದರೆ ತಡಕ್ಕೆ ಕಟ್ಟಬೇಕಾದ ಖರ್ಚಿನ ಹಣ, ಹಾಕುವುದು ಜಾಸ್ತಿ. ಕೊಟ್ಟುಬಿಡಿ, ಅದರ ಮೇಲೆ ಜಗಳ ಬೇಡ.

ಬರೆಯುವಾಗ ಎದುರಿನವರು ಹೇಳಿದ ಒಂದೊಂದು ಸಂಗತಿಗೂ ಬಿಡಿಬಿಡಿಯಾಗಿ ಉತ್ತರ ಕೊಡಿ. ಅಲ್ಲಗಳೆಯದ್ದನ್ನು ಒಪ್ಪಿಕೊಂಡಂತೆ ಅಂತ ಕೋರ್ಟು ತೆಗೆದುಕೊಳ್ಳಬಹುದು. ಹಿಂದೆಯೇ ಪಾಲಾಗಿದೆ, ಪಾರೀಖತ್ತು (ಪಾಲು ಪತ್ರ) ಇದೆ ಅನ್ನುವುದಾದರೆ ಅದು ಇದರಲ್ಲೇ ಬರಬೇಕು.

ಐಎ ವಜಾ ಆದರೆ? ರಿಟನ್ ಸ್ಟೇಟ್‌ಮೆಂಟ್ ಇಲ್ಲ ಅಂತ ಕಣ್ಣುಮುಚ್ಚಿ ಡಿಕ್ರಿ ಕೊಡುವಂತಿಲ್ಲ, 1999ರ ಬಲರಾಜ್ ತನೇಜಾ ಕೇಸಿನಲ್ಲಿ ಸುಪ್ರೀಂ ಕೋರ್ಟ್ ಇದನ್ನು ಸ್ಪಷ್ಟ ಮಾಡಿದೆ. ವಾದಿಯ ಸಾಕ್ಷಿಗಳನ್ನು ನಿಮ್ಮ ವಕೀಲರು ಪಾಟಿ ಸವಾಲು ಮಾಡಬಹುದು, ಕಾನೂನಿನ ಮೇಲೆ ವಾದವನ್ನೂ ಮಾಡಬಹುದು. ನಿಮ್ಮದೇ ಕಥೆ ಹೇಳಿ ಅದಕ್ಕೆ ಸಾಕ್ಷಿ ತರುವುದು ಮಾತ್ರ ಆಗುವುದಿಲ್ಲ, ಪಾರೀಖತ್ತು ಬೀರುವಿನಲ್ಲೇ ಉಳಿಯುತ್ತದೆ. ಅದಕ್ಕೇ ವಜಾ ಆದೇಶದ ಸರ್ಟಿಫೈಡ್ ಕಾಪಿಗೆ ಕೂಡಲೇ ಅರ್ಜಿ ಹಾಕಿ, ಸಂವಿಧಾನದ 227ನೇ ವಿಧಿಯಡಿ ಹೈಕೋರ್ಟಿಗೆ ಹೋಗಿ. ದಾವೆ ನಡೆಯುತ್ತಿರುವ ಜಿಲ್ಲೆ ನೋಡಿಕೊಂಡು ಬೆಂಗಳೂರು, ಧಾರವಾಡ ಅಥವಾ ಕಲಬುರಗಿ ಪೀಠ. ಕೆಳಗಿನ ಕೋರ್ಟಿನಲ್ಲಿ ಸಾಕ್ಷಿ ವಿಚಾರಣೆ ಮುಗಿಯುವವರೆಗೆ ಕಾದರೆ ಅಲ್ಲೂ ಮೊದಲ ಪ್ರಶ್ನೆ ಇದೇ ಆಗಿರುತ್ತದೆ: ಇಷ್ಟು ದಿನ ಏನು ಮಾಡುತ್ತಿದ್ದಿರಿ?