ಒಂದು "ಮಗಾ", ನೂರೆಂಟು ರಾಗ

ಎಕ್ಸಾಂ ಮುಗಿಸ್ಕೊಂಡು ಹೊರಗೆ ಬಂದ ಹುಡುಗ ಗೇಟ್ ಹತ್ರ ನಿಂತಿರೋ ಫ್ರೆಂಡ್ ಮುಖ ನೋಡಿ ಬರೀ "ಮಗಾ..." ಅಂತಾನೆ, ದನಿ ಕೆಳಕ್ಕೆ ಇಳಿದು ಅಲ್ಲೇ ಉಸಿರು ಬಿಡತ್ತೆ, ಅಷ್ಟರಲ್ಲೇ ಇವನಿಗೆ ಗೊತ್ತಾಗೋಯ್ತು, ಪೇಪರ್ ಹೊಗೆ ಅಂತ. ಅದೇ ಹುಡುಗ ಸಂಜೆ ಮ್ಯಾಚ್ ನೋಡ್ತಾ ಕೊನೇ ಬಾಲ್‌ಗೆ ಸಿಕ್ಸ್ ಹೋದಾಗ ಎದ್ದು ನಿಂತು "ಮಗಾ!" ಅಂತ ಕಿರುಚ್ತಾನೆ. ತಿಂಗಳ ಕೊನೇಲಿ ಪಕ್ಕ ಬಂದು ಕೂತು, ದನಿ ತೆಳ್ಳಗೆ ಮಾಡ್ಕೊಂಡು, ಕೊನೇ ಅಕ್ಷರನ ಮೇಲಕ್ಕೆ ಎಳೆದು "ಮಗಾ?" ಅಂದ್ರೆ ಐನೂರು ರೂಪಾಯಿ ಬೇಕು ಅಂತ ಲೆಕ್ಕ. ಇನ್ನು ಬೈಕ್‌ನಲ್ಲಿ ಹಿಂದೆ ಕೂತವನು ಗ್ಯಾಪ್ ಕೊಡದೆ "ಮಗಾ ಮಗಾ ಮಗಾ" ಅಂದ್ರೆ ಬ್ರೇಕ್ ಹಿಡಿ, ಮುಂದೆ ಲಾರಿ ಇದೆ ಅಂತ. ಇಷ್ಟರಲ್ಲಿ ಎಲ್ಲೂ ಯಾರೂ ಯಾರ ಮಗನೂ ಅಲ್ಲ.

ಬೆಂಗಳೂರು, ಮೈಸೂರು, ಮಂಡ್ಯ, ಹಾಸನದ ಕಡೆ ಇದು ದಿನಾ ಕೇಳೋ ಮಾತು, ಅದಕ್ಕೇ ಯಾರೂ ಇದನ್ನ ನಿಂತು ನೋಡಲ್ಲ. ಆದ್ರೆ ಭಾಷಾವಿಜ್ಞಾನದ ಕಡೆಯಿಂದ ನೋಡಿದ್ರೆ ಇದು ವಿಚಿತ್ರ ಸಂಗತಿ. ಎರಡೇ ಅಕ್ಷರ, ಎರಡೂ ಮಾಮೂಲಿ, ಕೆಲಸ ಮಾತ್ರ ಡಜನ್‌ಗಟ್ಟಲೆ. ಒಂದು ಪದಕ್ಕೆ ಇಷ್ಟೊಂದು ಕೆಲಸ ಹೊರಿಸಿದ್ರೆ ಕನ್ಫ್ಯೂಸ್ ಆಗ್ಬೇಕಲ್ವಾ, ಯಾಕೆ ಆಗಲ್ಲ?

ಮೊದಲು ಒಂದು ಹಳೇ ಲೆಕ್ಕ ಹೇಳ್ತೀನಿ. ಹಾರ್ವರ್ಡ್‌ನಲ್ಲಿದ್ದ ಜಾರ್ಜ್ ಕಿಂಗ್ಸ್ಲಿ ಜಿಫ್ ಅನ್ನೋರು 1945ರಲ್ಲಿ ತೋರಿಸಿದ್ದು ಇದು: ಜನ ಯಾವ ಪದನ ಜಾಸ್ತಿ ಬಳಸ್ತಾರೋ ಅದಕ್ಕೇ ಅರ್ಥಗಳೂ ಜಾಸ್ತಿ, ಹೆಚ್ಚುಕಮ್ಮಿ ವರ್ಗಮೂಲದ ಲೆಕ್ಕದಲ್ಲಿ, ಅಂದ್ರೆ ನೂರು ಪಟ್ಟು ಹೆಚ್ಚು ಬಳಕೆ ಇರೋ ಪದಕ್ಕೆ ಸುಮಾರು ಹತ್ತು ಪಟ್ಟು ಅರ್ಥ. ಹೆಚ್ಚು ಬಳಸೋ ಪದಗಳು ಚಿಕ್ಕದಾಗಿರ್ತಾವೆ ಅನ್ನೋದನ್ನೂ ಅವರೇ ಮುಂಚೆ ಹೇಳಿದ್ರು. ನಮ್ಮ "ಹೊಡಿ" ತಗೊಳ್ಳಿ. ಫೋನ್ ಹೊಡಿ, ಬಣ್ಣ ಹೊಡಿ, ಕಾಪಿ ಹೊಡಿ, ಟೀ ಹೊಡಿ, ನಿದ್ದೆ ಹೊಡಿ, ಡೈಲಾಗ್ ಹೊಡಿ, ಲೈನ್ ಹೊಡಿ. ಇದರಲ್ಲಿ ಒಂದರಲ್ಲೂ ಏಟು ಬೀಳಲ್ಲ (ಕೊನೇದ್ರಲ್ಲಿ ಬೀಳೋ ಚಾನ್ಸ್ ಇದೆ). 2012ರಲ್ಲಿ ಸ್ಟೀವನ್ ಪಿಯಾಂಟಡೋಸಿ, ಹ್ಯಾರಿ ಟೈಲಿ, ಎಡ್ವರ್ಡ್ ಗಿಬ್ಸನ್ ಅನ್ನೋ ಸಂಶೋಧಕರು ಇಂಗ್ಲಿಷ್, ಜರ್ಮನ್, ಡಚ್ ಪದಗಳನ್ನ ಲೆಕ್ಕ ಹಾಕಿ ಇದಕ್ಕೊಂದು ಕಾರಣ ಕೊಟ್ರು: ನಾಲ್ಕು ಅರ್ಥ ಇರೋದು ಭಾಷೆಯ ದೋಷ ಅಲ್ಲ, ಉಳಿತಾಯ. ಬಾಯಿಗೆ ಸುಲಭವಾದ ಚಿಕ್ಕ ಪದನೇ ಮತ್ತೆ ಮತ್ತೆ ಬಳಸಿದ್ರೆ ಮಾತಾಡೋನಿಗೆ ಶ್ರಮ ಕಮ್ಮಿ, ಉಳಿದಿದ್ದನ್ನ ಕೇಳೋನು ಸಂದರ್ಭ ನೋಡಿ ಊಹಿಸ್ಕೋತಾನೆ, ಊಹಿಸೋದು ನಮ್ಮ ಮೆದುಳಿಗೆ ತುಂಬಾ ಅಗ್ಗ.

ಆದ್ರೆ "ಹೊಡಿ"ಗೂ "ಮಗಾ"ಗೂ ಒಂದು ವ್ಯತ್ಯಾಸ ಇದೆ, ನನಗೆ ಮಜಾ ಅನ್ಸೋದು ಅದೇ. "ಹೊಡಿ" ಏನು ಹೇಳ್ತಿದೆ ಅಂತ ಪಕ್ಕದಲ್ಲಿರೋ ಪದ ಹೇಳಿಬಿಡತ್ತೆ. "ಮಗಾ" ಪಕ್ಕದಲ್ಲಿ ಎಷ್ಟೋ ಸಲ ಏನೂ ಇರಲ್ಲ, ಒಂಟಿಯಾಗೇ ಬರತ್ತೆ. ಅಲ್ಲಿ ಅರ್ಥ ಇರೋದು ರಾಗದಲ್ಲಿ.

ರಾಗ ಎಷ್ಟು ಹೊರತ್ತೆ ಅನ್ನೋದಕ್ಕೆ ರೋಮನ್ ಯಾಕಬ್ಸನ್ ಅನ್ನೋ ಭಾಷಾವಿಜ್ಞಾನಿ 1958ರಲ್ಲಿ ಅಮೆರಿಕದ ಇಂಡಿಯಾನಾದಲ್ಲಿ ನಡೆದ ಸಮ್ಮೇಳನದಲ್ಲಿ ಒಂದು ಪ್ರಸಂಗ ಹೇಳಿದ್ರು. ಮಾಸ್ಕೋದಲ್ಲಿ ಸ್ಟಾನಿಸ್ಲಾವ್‌ಸ್ಕಿ ಅವರ ನಾಟಕ ಕಂಪನಿಗೆ ಸೇರೋಕೆ ಬಂದ ನಟನಿಗೆ ಪರೀಕ್ಷೆ ಏನಪ್ಪಾ ಅಂದ್ರೆ, "ಸೆವೋದ್ನ್ಯಾ ವೆಚೆರಮ್", ಅಂದ್ರೆ "ಇವತ್ತು ಸಂಜೆ", ಇಷ್ಟೇ ಮಾತಲ್ಲಿ ನಲವತ್ತು ಬೇರೆ ಬೇರೆ ವಿಷಯ ಹೇಳ್ಬೇಕು. ಆತ ನಲವತ್ತು ಸನ್ನಿವೇಶದ ಪಟ್ಟಿ ಮಾಡ್ಕೊಂಡು ದನಿ ಬದಲಾಯಿಸಿ ಬದಲಾಯಿಸಿ ಹೇಳಿದ. ಆಮೇಲೆ ಯಾಕಬ್ಸನ್ ತಮ್ಮ ಸಂಶೋಧನೆಗೆ ಅಂತ ಅದೇ ನಟನ ಕೈಲಿ ಸುಮಾರು ಐವತ್ತು ಸನ್ನಿವೇಶಕ್ಕೆ ಹೇಳಿಸಿ ಟೇಪ್ ಮಾಡಿ ಮಾಸ್ಕೋ ಜನಕ್ಕೆ ಕೇಳಿಸಿದ್ರೆ, ಬಹುಪಾಲು ಸನ್ನಿವೇಶಗಳನ್ನ ಅವರು ಸರಿಯಾಗೇ ಹೇಳಿದ್ರಂತೆ. ಆತ ಟ್ರೈನಿಂಗ್ ಪಡೆದ ನಟ. ನಮ್ಮ ಹುಡುಗ್ರು ಟೀ ಅಂಗಡಿ ಮುಂದೆ ಟ್ರೈನಿಂಗೇ ಇಲ್ದೆ ಮಾಡ್ತಾರೆ.

ಈ ರಾಗಗಳು ಸುಮ್ನೆ ಮನಸ್ಸಿಗೆ ಬಂದಂಗೆ ಇಲ್ಲ. ಸಾಲ ಕೇಳೋ "ಮಗಾ?" ದನಿ ಯಾವಾಗ್ಲೂ ಎತ್ತರ, ತೆಳು. ಧಮ್ಕಿ ಹಾಕೋ "ಮಗಾ" ದನಿ ಯಾವಾಗ್ಲೂ ದಪ್ಪ, ಕೆಳಗೆ. ಉಲ್ಟಾ ಮಾಡಿ ನೋಡಿ, ದಪ್ಪ ದನೀಲಿ ಸಾಲ ಕೇಳಿದ್ರೆ ಅದು ವಸೂಲಿ ಥರ ಕೇಳತ್ತೆ. ಪ್ರಾಣಿಗಳಲ್ಲೂ ಇದೇ ಕಥೆ. ಹೆದರಿಸೋ ನಾಯಿ ಕೆಳದನೀಲಿ ಗುರ್ ಅನ್ನತ್ತೆ, ಶರಣಾಗೋ ನಾಯಿ ಕುಂಯ್ ಅನ್ನತ್ತೆ. ಯೂಜೀನ್ ಮಾರ್ಟನ್ ಅನ್ನೋರು 1977ರಲ್ಲಿ ಹಕ್ಕಿ ಮತ್ತು ಸಸ್ತನಿಗಳ ಕೂಗಲ್ಲಿ ಇದನ್ನ ಗಮನಿಸಿದ್ರು, 1984ರಲ್ಲಿ ಅಮೆರಿಕದ ಬರ್ಕ್ಲಿ ಯೂನಿವರ್ಸಿಟಿಯ ಭಾಷಾವಿಜ್ಞಾನಿ ಜಾನ್ ಓಹಾಲ ಅದನ್ನ ಮನುಷ್ಯರ ಭಾಷೆಗೆ ತಂದ್ರು. ದೊಡ್ಡ ದೇಹದಿಂದ ಸಾಮಾನ್ಯವಾಗಿ ದಪ್ಪ ದನಿ, ಚಿಕ್ಕ ದೇಹದಿಂದ ತೆಳು ದನಿ, ಹಂಗಾಗಿ ದನಿ ತೆಳ್ಳಗೆ ಮಾಡಿದ್ರೆ "ನಾನು ಚಿಕ್ಕವನು, ನಿನ್ನ ಮೇಲೆ ಡಿಪೆಂಡ್ ಆಗಿದೀನಿ" ಅಂತ ಹೇಳ್ದಂಗೆ. ಎಷ್ಟೋ ಭಾಷೆಗಳಲ್ಲಿ ಪ್ರಶ್ನೆ ಕೇಳುವಾಗ ದನಿ ಮೇಲೆ ಹೋಗೋದಕ್ಕೂ ಓಹಾಲ ಇದೇ ಕಾರಣ ಕೊಡ್ತಾರೆ.

ರಾಗ ಹಿಡ್ಕೊಳ್ಳೋಕೆ ಪದದಲ್ಲಿ ಜಾಗನೂ ಬೇಕು. ದನಿಯ ಏರಿಳಿತ ಕೂರೋದು ಮುಖ್ಯವಾಗಿ ಸ್ವರದ ಮೇಲೆ. "ಮಗಾ" ಬಾಯಲ್ಲಿ ಹೇಗೆ ಆಗತ್ತೆ ನೋಡಿ: ತುಟಿ ಮುಚ್ಚಿ ಮ, ನಾಲಿಗೆಯ ಬುಡ ಮೇಲೆ ತಾಗಿ ಗ, ಆಮೇಲೆ ಬಾಯಿ ಪೂರ್ತಿ ತೆಗೆದು ಆ. ಬಾಯಿ ಅಗಲ ತೆಗೆದಾಗ ಬರೋ "ಆ" ಜೋರಾದ ಸ್ವರ, ದೂರ ಹೋಗತ್ತೆ, ಅದೂ ಪದದ ಕೊನೇಲಿದೆ, ಅಡ್ಡ ಹಾಕೋ ವ್ಯಂಜನ ಯಾವುದೂ ಇಲ್ಲ, ಉಸಿರು ಇರೋವರೆಗೂ ಎಳೀಬಹುದು, ಮಧ್ಯದಲ್ಲಿ ಬಗ್ಗಿಸಬಹುದು. ಸುಮ್ನೆ "ಮಗ" ಅಂತ ಗಿಡ್ಡಕ್ಕೆ ಕಟ್ ಮಾಡಿ, ಅದು ಬೇರೇನೇ.

ರಾಗ ಹೋದ್ರೆ ಏನಾಗತ್ತೆ ಅಂತನೂ ಗೊತ್ತಿದೆ. 1979ರಲ್ಲಿ ಎಲಿಯಟ್ ರಾಸ್ ಮತ್ತು ಮಾರ್ಸೆಲ್ ಮೆಸುಲಮ್ ಅನ್ನೋ ನರತಜ್ಞರು ಮೆದುಳಿನ ಬಲಭಾಗಕ್ಕೆ ಪೆಟ್ಟಾಗಿದ್ದ ರೋಗಿಗಳ ಬಗ್ಗೆ ಬರೆದ್ರು. ಅವರಲ್ಲಿ ಒಬ್ಬರು ಸ್ಕೂಲ್ ಟೀಚರ್. ಪದ, ವ್ಯಾಕರಣ ಎಲ್ಲ ಸರಿ ಇದೆ, ಆದ್ರೆ ದನಿ ಚಪ್ಪಟೆ, ಸಿಟ್ಟು ಬಂದ್ರೂ ದನೀಲಿ ಕಾಣ್ಸಲ್ಲ. ಕ್ಲಾಸಲ್ಲಿ ಮಕ್ಕಳು ಮಾತು ಕೇಳೋದೇ ಬಿಟ್ಟುಬಿಟ್ರು. ಕೊನೆಗೆ ಆಕೆ ವಾಕ್ಯದ ಹಿಂದೆ "ನನಗೆ ಸಿಟ್ಟು ಬಂದಿದೆ, ನಿಜವಾಗ್ಲೂ" ಅಂತ ಬಾಯಿಬಿಟ್ಟು ಸೇರಿಸೋದು ಕಲಿಬೇಕಾಯ್ತು. ಮಾತಿನ ಪದ, ವ್ಯಾಕರಣದ ಕೆಲಸ ಹೆಚ್ಚಿನವರಲ್ಲಿ ಎಡಭಾಗದ್ದು, ದನಿಯ ಭಾವದಲ್ಲಿ ಬಲಭಾಗದ ಪಾತ್ರ ದೊಡ್ಡದು ಅನ್ನೋ ಚರ್ಚೆ ಇಂಥ ಕೇಸ್‌ಗಳಿಂದ ಬೆಳೀತು.

ಇನ್ನು ವ್ಯಾಕರಣದ ತಮಾಷೆ. ಪುಸ್ತಕದ ಪ್ರಕಾರ ಸಂಬೋಧನೆ ಅಂದ್ರೆ "ಮಗನೇ". ಎಷ್ಟು ಮುದ್ದಾಗಿದೆ ಅಲ್ವಾ, ಹಳೇ ಪೌರಾಣಿಕ ನಾಟಕದಲ್ಲಿ ಅಮ್ಮ ಕರೆದಂಗೆ. ಬೆಂಗಳೂರಿನ ರಸ್ತೇಲಿ ಯಾರಾದ್ರೂ ನಿಮಗೆ "ಮಗನೇ" ಅಂದ್ರೆ ಮಾತ್ರ ಹೆಲ್ಮೆಟ್ ಹಾಕ್ಕೊಳಿ. "ಮಗನೇ, ಇವತ್ತು ಐತೆ ನಿಂಗೆ." ಹುಬ್ಬಳ್ಳಿ ಧಾರವಾಡದ ಕಡೆ "ಲೇ ಮಗನ" ಅಂದ್ರೆ ಬೈಗುಳನೂ ಹೌದು ಸಲಿಗೆನೂ ಹೌದು, ಹೇಳಿದೋನ ಮುಖ ನೋಡಿ ತೀರ್ಮಾನ ಮಾಡ್ಬೇಕು. ಬಹುವಚನಕ್ಕೆ ಹೋದ್ರೆ "ಏನ್ರೋ ಮಕ್ಳಾ", ಅಲ್ಲಿ ದೋಸ್ತಿ ಕಮ್ಮಿ, ದಾದಾಗಿರಿ ಜಾಸ್ತಿ. ಮುಂದೆ "ನನ್" ಸೇರಿಸಿದ್ರೆ ಅದು ಪೂರ್ತಿ ಬೇರೆ ಊರು: "ನನ್ಮಗ" ಅಂದ್ರೆ ಬೈಗುಳ, "ಕಳ್ ನನ್ಮಗ" ಅಂದ್ರೆ ಅಜ್ಜಿ ಮೊಮ್ಮಗನ ಕೆನ್ನೆ ಹಿಂಡ್ತಾ ಹೇಳೋ ಮಾತು, "ನನ್ಮಗಂದ್ ಏನ್ ಬಿಸಿಲು" ಅಂದಾಗ ಮಗನೂ ಇಲ್ಲ, ನಾನೂ ಇಲ್ಲ, ಬರೀ ಬಿಸಿಲು.

ಇದೆಲ್ಲಾ ಈಗಿನ ಹುಡುಗ್ರು ಭಾಷೆ ಕೆಡಿಸಿದ್ದು ಅಂತ ಹಿರಿಯರು ಗೊಣಗಿದ್ರೆ ಅವರಿಗೆ "ಹೌದಪ್ಪ" ಅನ್ನಿ. ಅಂದಮೇಲೆ ಅದರಲ್ಲಿ ಅಪ್ಪ ಎಲ್ಲಿಂದ ಬಂದ ಅಂತ ಕೇಳಿ. ಹೌದಪ್ಪ, ಇಲ್ಲಮ್ಮ, ಹೋಗಣ್ಣ, ಬಾರಯ್ಯ, ಸಂಬಂಧದ ಪದನ ಮಾತಿನ ಬಾಲಕ್ಕೆ ಅಂಟಿಸೋದು ಕನ್ನಡ ಬಹಳ ಹಿಂದಿನಿಂದ ಮಾಡ್ಕೊಂಡು ಬಂದಿರೋ ಕೆಲಸ. ಪದದ ಮೂಲ ಅರ್ಥ ಸವೆದು ಸವೆದು ಹೋಗಿ, ಹತ್ತಿರದವನು ಅನ್ನೋ ಒಂದು ಬಣ್ಣ ಮಾತ್ರ ಉಳಿಯತ್ತೆ. ಅಷ್ಟೇ ಅಲ್ಲ, ಅಪ್ಪ ಎರಡು ವರ್ಷದ ಮಗನಿಗೆ "ಊಟ ಮಾಡಪ್ಪಾ" ಅಂತಾನೆ, ಅಮ್ಮ ಮಗಳಿಗೆ "ಬಾಮ್ಮಾ" ಅಂತಾಳೆ. ಯಾರು ಯಾರಿಗೆ ಅಪ್ಪ? ಅರಬ್ಬೀ ಮಾತಾಡೋ ಅಮ್ಮಂದಿರೂ ಮಗುನ "ಮಾಮಾ" ಅಂತ ಕರೀತಾರೆ, ಭಾಷಾವಿಜ್ಞಾನದಲ್ಲಿ ಇದಕ್ಕೆ ಸಂಬೋಧನೆಯ ತಿರುವುಮುರುವು ಅಂತಾರೆ. ನಮ್ಮ ಹಳೇ ಮೈಸೂರಿನ ಹಳ್ಳಿಗಳಲ್ಲಿ ಹೆಣ್ಣುಮಗುನೂ "ಬಾ ಮಗ" ಅಂತಾನೇ ಕರೀತಾರೆ, ಈಗ ಕಾಲೇಜಲ್ಲಿ ಹುಡುಗೀರು ಹುಡುಗೀರಿಗೇ "ಬಿಡ್ ಮಗಾ" ಅನ್ನೋದು ಕೇಳಿ ಆಶ್ಚರ್ಯ ಪಡೋರು ಇದನ್ನ ನೆನಪಿಟ್ಕೊಬೇಕು.

ಯಾವ ಸಂಬಂಧ ದೋಸ್ತಿಗೆ, ಯಾವುದು ಬೈಗುಳಕ್ಕೆ ಅನ್ನೋದು ಊರೂರಿಗೆ ಬೇರೆ. ಬೆಂಗಳೂರಿನ "ಮಚ್ಚಾ" ತಮಿಳಿನ ಮಚ್ಚಾನ್‌ನಿಂದ ಬಂದಿದ್ದು, ಭಾವಮೈದುನ ಅಂತ. ಹಿಂದಿಯ "ಸಾಲಾ" ಕೂಡ ಭಾವಮೈದುನನೇ, ಅದು ಬೈಗುಳ ಆಯ್ತು. ದಕ್ಷಿಣದಲ್ಲಿ ಸೋದರಮಾವ, ಸೋದರತ್ತೆ ಮಕ್ಕಳ ಮಧ್ಯೆ ಮದುವೆ ರೂಢಿ ಇದ್ದಿದ್ರಿಂದ ಭಾವಮೈದುನ ಅಂದ್ರೆ ಚಿಕ್ಕಂದಿನಿಂದ ಜೊತೇಲಿ ಆಡಿದವನು, ಉತ್ತರದ ಬಹಳ ಕಡೆ ಹೆಣ್ಣು ಕೊಟ್ಟ ಕಡೆಯವರು ಅಂದ್ರೆ ಒಂದು ಮೆಟ್ಟಿಲು ಕೆಳಗೆ. ಅದೇ ವ್ಯತ್ಯಾಸ ಪದಕ್ಕೂ ಹತ್ತಿರಬೇಕು ಅನ್ನೋ ವಿವರಣೆ ನನಗೆ ಒಪ್ಪಿಗೆಯಾಗತ್ತೆ.

"ಮಗಾ" ಥರದ ಪದದ ಮೇಲೆ ಗಂಭೀರವಾಗಿ ರಿಸರ್ಚ್ ಮಾಡಿದೋರು ಪಿಟ್ಸ್‌ಬರ್ಗ್ ಯೂನಿವರ್ಸಿಟಿಯ ಸ್ಕಾಟ್ ಕೀಸ್ಲಿಂಗ್. ಅಮೆರಿಕನ್ನರ "ಡ್ಯೂಡ್" ಯಾರು ಯಾರಿಗೆ ಹೇಳ್ತಾರೆ ಅಂತ ವಿದ್ಯಾರ್ಥಿಗಳ ಕೈಲಿ ಬರೆಸಿ, ಬೇರೆ ರೆಕಾರ್ಡಿಂಗ್‌ಗಳನ್ನೂ ಕೇಳಿ 2004ರಲ್ಲಿ ಪ್ರಕಟಿಸಿದ್ರು. 1880ರ ದಶಕದಲ್ಲಿ ಶೋಕಿಲಾಲನಿಗೆ ಅನ್ನೋ ಗೇಲಿ ಮಾತಾಗಿದ್ದ ಪದ ಅದು. ಅವರ ತೀರ್ಮಾನ ನಮ್ಮ "ಮಗಾ"ಗೂ ಹೆಚ್ಚುಕಮ್ಮಿ ಹೊಂದತ್ತೆ: ಈ ಪದ "ನೀನು ನಮ್ಮೋನು" ಅಂತನೂ ಹೇಳತ್ತೆ, "ಜಾಸ್ತಿ ಸೆಂಟಿಮೆಂಟ್ ಬೇಡ" ಅಂತನೂ ಹೇಳತ್ತೆ, ಎರಡೂ ಒಟ್ಟಿಗೆ. ಅದಕ್ಕೇ ಹುಡುಗ್ರು ಕಷ್ಟದ ಮಾತು ಆಡುವಾಗ ಇದನ್ನ ಹಿಡ್ಕೋತಾರೆ. ಬ್ರೇಕಪ್ ಆದವನ ಪಕ್ಕ ಕೂತು ಇನ್ನೇನು ಹೇಳೋಕೂ ಬರದೆ "ಹೋಗ್ಲಿ ಬಿಡ್ ಮಗಾ" ಅಂದ್ರೆ ಸಾಕು, ಅಪ್ಪಿಕೊಳ್ಳೋ ಅವಶ್ಯಕತೆ ಇಲ್ಲ. ಆದ್ರೆ ಲೈಸೆನ್ಸ್ ಎಲ್ಲರಿಗೂ ಸಿಗಲ್ಲ. ಗುರುತಿಲ್ಲದ ಆಟೋ ಡ್ರೈವರ್‌ಗೆ "ಗುರು" ನಡಿಯತ್ತೆ, "ಬಾಸ್" ನಡಿಯತ್ತೆ, "ಅಣ್ಣಾ" ಆರಾಮಾಗಿ ನಡಿಯತ್ತೆ, "ಮಗಾ" ಅಂದ್ರೆ ಮೀಟರ್ ಮೇಲೆ ಇನ್ನೇನೇನೋ ಬೀಳತ್ತೆ.

ಬರೆಯೋಕೆ ಕೂತಾಗ ಈ ರಾಗಗಳೆಲ್ಲ ಎಲ್ಲಿ ಹೋಗ್ತಾವೆ? ಹೈಸ್ಕೂಲ್ ವ್ಯಾಕರಣದಲ್ಲಿ ಹ್ರಸ್ವ ಒಂದು ಮಾತ್ರೆ, ದೀರ್ಘ ಎರಡು, ಪ್ಲುತ ಮೂರು ಅಂತ ಓದಿರ್ತೀರ. ದೂರದಿಂದ ಕರೆಯುವಾಗ ಕೊನೇ ಸ್ವರ ಪ್ಲುತ ಆಗತ್ತೆ ಅಂತ ಪಾಣಿನಿ ಎರಡು ಸಾವಿರ ವರ್ಷಕ್ಕೂ ಹಿಂದೆ ಸೂತ್ರನೇ ಮಾಡಿಟ್ಟಿದಾನೆ, ಬರವಣಿಗೇಲಿ ಅದನ್ನ ತೋರಿಸೋಕೆ ಅಕ್ಷರದ ಪಕ್ಕ ೩ ಅಂತ ಹಾಕೋ ಪದ್ಧತಿನೂ ಇದೆ. ವಾಟ್ಸಾಪ್‌ನಲ್ಲಿ ಯಾರೂ "ಮಗಾ೩" ಅಂತ ಕಳಿಸಲ್ಲ, ಎಳೀತಾರೆ. ಕನ್ನಡ ಕೀಬೋರ್ಡಲ್ಲಿ ದೀರ್ಘದ ಮೇಲೆ ಇನ್ನೊಂದು ದೀರ್ಘ ಒತ್ತಿ, ಎಷ್ಟೋ ಫೋನ್‌ಗಳಲ್ಲಿ ಚುಕ್ಕಿ ಚುಕ್ಕಿ ಸೊನ್ನೆ ಕಾಣಿಸ್ಕೊಳ್ಳತ್ತೆ, ಯಾಕಂದ್ರೆ ಒಂದು ಅಕ್ಷರಕ್ಕೆ ಎರಡು ದೀರ್ಘ ಇರಲ್ಲ ಅಂತ ಸಾಫ್ಟ್‌ವೇರ್ ಅಂದ್ಕೊಂಡಿದೆ. ಅದಕ್ಕೆ ಜನ "ಮಗಾಆಆಆ" ಅಂತ ಸುತ್ತಿ ಬರ್ತಾರೆ, ಇಲ್ಲಾಂದ್ರೆ ಇಂಗ್ಲಿಷ್ ಅಕ್ಷರಕ್ಕೆ ಹೋಗಿ ಎಂ ಎ ಜಿ ಆದ್ಮೇಲೆ ಎ ಮೇಲೇ ಮತ್ತೆ ಮತ್ತೆ ಒತ್ತುತ್ತಾ ಕೂತಿರ್ತಾರೆ. ಅಮೆರಿಕದ ವರ್ಮಾಂಟ್ ಯೂನಿವರ್ಸಿಟಿಯವರು ಸುಮಾರು 10 ಸಾವಿರ ಕೋಟಿ ಟ್ವೀಟ್ ಜಾಲಾಡಿ ಹೀಗೆ ಎಳೆದ ಪದಗಳನ್ನ ಹುಡುಕಿ, ಎಷ್ಟು ಉದ್ದ ಎಳೀತಾರೆ, ಎಲ್ಲಾ ಅಕ್ಷರ ಸಮವಾಗಿ ಎಳೀತಾರಾ ಇಲ್ಲ ಒಂದನ್ನೇನಾ ಅಂತ ಅಳೆದು 2020ರಲ್ಲಿ ಪ್ರಬಂಧ ಬರೆದ್ರು, ಅದರ ಶೀರ್ಷಿಕೆಯಲ್ಲೇ ಒಂದು ಉದ್ದನೆ "ಡ್ಯೂಊಊಡ್" ಇದೆ. ಆ ಅಳತೇಲಿ ನಗು, ಅಂದ್ರೆ "ಹಹಹಹ", ಸಮತೋಲ. ನಮ್ಮ "ಮಗಾ" ಪೂರ್ತಿ ಒಂದೇ ಕಡೆ ವಾಲಿದ ಪದ, ಮ ಎಳೆಯೋರು ಯಾರೂ ಇಲ್ಲ.

ಎಳೆಯದೆ ಬಿಟ್ರೂ ಒಂದು ಅರ್ಥ ಇದೆ. ನ್ಯೂಯಾರ್ಕ್ ರಾಜ್ಯದ ಬಿಂಗ್‌ಹ್ಯಾಮ್‌ಟನ್ ಯೂನಿವರ್ಸಿಟಿಯಲ್ಲಿ ಸೀಲಿಯಾ ಕ್ಲಿನ್ ತಂಡದವರು ವಿದ್ಯಾರ್ಥಿಗಳಿಗೆ ಮೆಸೇಜ್‌ಗಳನ್ನ ತೋರಿಸಿ ಕೇಳಿದಾಗ, ಒಂದೇ ಪದದ ಉತ್ತರದ ಕೊನೇಲಿ ಫುಲ್‌ಸ್ಟಾಪ್ ಇದ್ರೆ ಅದು ಅಷ್ಟೊಂದು ಮನಸಾರೆ ಹೇಳಿದ್ದಲ್ಲ ಅಂತ ಓದೋರಿಗೆ ಅನ್ಸಿತ್ತು. ಅದು ಇಂಗ್ಲಿಷ್ ಮೆಸೇಜ್‌ಗಳ ವಿಷಯ. ಕನ್ನಡದಲ್ಲಿ ನಿಮ್ಮ ಫ್ರೆಂಡ್‌ನಿಂದ ಎಮೋಜಿ ಇಲ್ದೆ, ಎಳೆತ ಇಲ್ದೆ, ಬರೀ "ಮಗಾ." ಅಂತ ಚುಕ್ಕಿ ಇಟ್ಟು ಮೆಸೇಜ್ ಬಂದ್ರೆ ರಿಪ್ಲೈ ಟೈಪ್ ಮಾಡ್ತಾ ಕೂರಬೇಡಿ, ಫೋನೇ ಮಾಡಿ.