ಜೀವನಾಂಶ: ಕಾಫಿ ದುಡ್ಡು ವರ್ಷಕ್ಕೊಮ್ಮೆ, ಮನೆ ಖರ್ಚು ದಿನಾ

‘ತಿಂಗಳ ಆದಾಯ: ಇಲ್ಲ.’ ಜೀವನಾಂಶದ ಕೇಸುಗಳಲ್ಲಿ ಗಂಡನ ಕಡೆಯಿಂದ ಬರುವ ಅಫಿಡವಿಟ್‌ನಲ್ಲಿ ಈ ಸಾಲನ್ನು ಪದೇ ಪದೇ ಓದಿದ್ದೇನೆ. ತೋಟ ಇರುತ್ತದೆ, ಮರಕ್ಕೆಲ್ಲ ಕಾಳುಮೆಣಸಿನ ಬಳ್ಳಿ ಹಬ್ಬಿರುತ್ತದೆ, ಪಕ್ಕದಲ್ಲೊಂದು ಹೋಂಸ್ಟೇನೂ ಇರುತ್ತದೆ. ತಿಂಗಳ ಸಂಬಳ ಇಲ್ಲ ಅನ್ನೋದೇನೋ ನಿಜ. ಕೊಡಗಿನಲ್ಲಿ ದುಡ್ಡು ಬರೋದೇ ಕೊಯ್ಲು ಮುಗಿದು ಕಾಫಿ ಮಾರಿದ ಮೇಲೆ. ಹಾಗಂತ ವರ್ಷದ ಆದಾಯ ಸೊನ್ನೆ ಆಗುತ್ತಾ?

ಈ ಸಾಲು ನೋಡಿ ಎಷ್ಟೋ ಹೆಣ್ಣುಮಕ್ಕಳು ಅಲ್ಲೇ ಧೈರ್ಯ ಕಳೆದುಕೊಳ್ಳುತ್ತಾರೆ. ‘ಅವರಿಗೆ ಸಂಬಳ ಸ್ಲಿಪ್ಪೇ ಇಲ್ವಲ್ಲ ಮೇಡಂ, ಹೇಗೆ ತೋರಿಸೋದು?’ ಅಂತ ಕೇಳುತ್ತಾರೆ. ದಾರಿ ಇದೆ. 2020ರ ನವೆಂಬರ್‌ನಲ್ಲಿ ರಜನೀಶ್–ನೇಹಾ ಕೇಸಿನಲ್ಲಿ ಸುಪ್ರೀಂ ಕೋರ್ಟು, ಗಂಡ ಹೆಂಡತಿ ಇಬ್ಬರೂ ತಮ್ಮ ಆಸ್ತಿ, ಸಾಲ, ಆದಾಯದ ಅಫಿಡವಿಟ್ ಕೊಡಲೇಬೇಕು ಅಂತ ಹೇಳಿತು. ಅದರ ಜೊತೆ ಕೃಷಿಕರಿಗೆ ಅಂತಲೇ ಒಂದು ಬೇರೆ ನಮೂನೆ ಇದೆ. ಜಮೀನು ಎಷ್ಟು, ಅದರಲ್ಲಿ ಇವರ ಪಾಲೆಷ್ಟು, ಏನು ಬೆಳೆ, ಜಮೀನಿನ ಮೇಲೆ ಸಾಲ ಎಷ್ಟು ಅಂತೆಲ್ಲ ಅಲ್ಲಿ ಬರೆಯಬೇಕು. ಎದುರಿನವರು ಅದನ್ನು ಕೊಡದಿದ್ದರೆ ನಿಮ್ಮ ವಕೀಲರು ಕೇಳಿ ತರಿಸಬೇಕು. ‘ಜಮ್ಮಾ ಜಮೀನು (ಕೊಡಗಿನಲ್ಲಿ ವಂಶಪಾರಂಪರ್ಯವಾಗಿ ಬಂದ ಕುಟುಂಬದ ಜಮೀನು), ಪಹಣಿಯಲ್ಲಿರೋದು ನನ್ನೊಬ್ಬನ ಹೆಸರಲ್ಲ’ ಅಂದರೂ, ಪಾಲಿನ ತೋಟದಿಂದ ಅವರ ಕೈಗೆ ಬರುವ ದುಡ್ಡು ಆದಾಯವೇ ಅಲ್ವಾ?

ಆದಾಯ ತೆರಿಗೆ ರಿಟರ್ನ್ ನೋಡಿ ಸುಮ್ನೆ ಕೂರಬೇಡಿ. ಬೆಳೆಗಾರರು ಚೆರ್ರಿಯನ್ನು, ಅಂದರೆ ಕಾಫಿ ಹಣ್ಣನ್ನು, ಕ್ಯೂರಿಂಗ್ (ಸಿಪ್ಪೆ ಬಿಡಿಸಿ ಬೀಜ ಹದ ಮಾಡೋದು) ಮಾಡದೆ ಹಾಗೇ ಮಾರಿದರೆ ಅದು ಕೃಷಿ ಆದಾಯ, ಅದಕ್ಕೆ ಆದಾಯ ತೆರಿಗೆಯೇ ಇಲ್ಲ. ಕಾಫಿ ವ್ಯಾಪಾರಿ ಕೊಟ್ಟ ತೂಕದ ಚೀಟಿ, ಕ್ಯೂರಿಂಗ್ ವರ್ಕ್ಸ್ ಬಿಲ್ಲು, ಜನವರಿಯಿಂದ ಏಪ್ರಿಲ್‌ವರೆಗಿನ ಬ್ಯಾಂಕ್ ಲೆಕ್ಕ, ಇವು ಜಾಸ್ತಿ ಮಾತಾಡುತ್ತವೆ. ನನ್ನ ಅನುಭವದಲ್ಲಿ ಎಲ್ಲಕ್ಕಿಂತ ಗಟ್ಟಿಯಾದದ್ದು ಬೆಳೆ ಸಾಲದ ಅರ್ಜಿ. ಸಾಲ ಸಿಗಲಿ ಅಂತ ಇಷ್ಟು ಎಕರೆ ರೊಬಸ್ಟಾ ಕಾಫಿ, ಇಷ್ಟು ಚೀಲ ಫಸಲು ಅಂತ ತಾವೇ ಬರೆದು ಸಹಿ ಹಾಕಿರುತ್ತಾರೆ. ಪಾಟಿ ಸವಾಲಿನಲ್ಲಿ ಆ ಹಾಳೆ ಮುಂದಿಟ್ಟು ‘ಈ ಸಹಿ ನಿಮ್ಮದೇನಾ?’ ಅಂತ ಕೇಳಿದರೆ ‘ಆದಾಯ ಇಲ್ಲ’ ಅನ್ನೋ ಮಾತು ನಿಲ್ಲೋದು ಕಷ್ಟ. ಇದಕ್ಕಾಗಿ ಯಾರ ಬೀರುವನ್ನೂ ಒಡೆಯಬೇಕಿಲ್ಲ, ಬ್ಯಾಂಕಿನಿಂದ ದಾಖಲೆ ತರಿಸಿ ಅಂತ ಕೋರ್ಟಿಗೇ ಅರ್ಜಿ ಹಾಕಬಹುದು.

ಅರ್ಜಿ ಹಾಕೋದನ್ನು ಮುಂದೂಡಬೇಡಿ. ಜೀವನಾಂಶದ ಕಲಮು ಹಿಂದೆ ಸಿಆರ್‌ಪಿಸಿ (ಹಳೆಯ ದಂಡ ಪ್ರಕ್ರಿಯಾ ಸಂಹಿತೆ) 125 ಇದ್ದದ್ದು 2024ರ ಜುಲೈ 1ರಿಂದ ಬಿಎನ್‌ಎಸ್‌ಎಸ್ (ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ) 144 ಆಗಿದೆ. ಜೀವನಾಂಶ ಲೆಕ್ಕ ಆಗಬೇಕಾದದ್ದು ಅರ್ಜಿ ಹಾಕಿದ ದಿನದಿಂದ ಅಂತ ಅದೇ 2020ರ ತೀರ್ಪು ಹೇಳುತ್ತದೆ, ಅಂದರೆ ಹಿರಿಯರು ಮಾತಾಡಿ ಸರಿ ಮಾಡ್ತಾರೆ ಅಂತ ಎರಡು ವರ್ಷ ಕಾದರೆ ಆ ಎರಡು ವರ್ಷ ಹೋದಂತೆಯೇ. ನೀವು ಈಗ ಇರುವ ಊರಿನ ಕೋರ್ಟಿನಲ್ಲೇ ಹಾಕಬಹುದು. ತವರು ಸೋಮವಾರಪೇಟೆ ಕಡೆ ಆದರೆ ಗಂಡನ ಊರು ವಿರಾಜಪೇಟೆಗೆ ಅಲೆಯಬೇಕಿಲ್ಲ. ಹೆಣ್ಣುಮಕ್ಕಳಿಗೆ, ಮಕ್ಕಳಿಗೆ ಕಾನೂನು ಸೇವಾ ಪ್ರಾಧಿಕಾರದಿಂದ ಉಚಿತವಾಗಿ ವಕೀಲರು ಸಿಗುತ್ತಾರೆ, ಅದಕ್ಕೆ ಆದಾಯದ ಮಿತಿ ಇಲ್ಲ.

ಹಿರಿಯರ ಮುಂದೆ ಕೂತು ಬಾಂಡ್ ಪೇಪರ್ ಮೇಲೆ ‘ಇಬ್ಬರ ಒಪ್ಪಿಗೆಯಿಂದ ಬೇರೆ ಇದ್ದೇವೆ, ಏನೂ ಕೇಳುವುದಿಲ್ಲ’ ಅಂತ ಬರೆಸಿಕೊಳ್ಳುತ್ತಾರಲ್ಲ, ದಯವಿಟ್ಟು ವಕೀಲರಿಗೆ ತೋರಿಸದೆ ಅದಕ್ಕೆ ಸಹಿ ಹಾಕಬೇಡಿ. ಒಪ್ಪಿಗೆಯಿಂದ ಬೇರೆ ಇರುವ ಹೆಂಡತಿಗೆ ಈ 144ನೇ ಕಲಮಿನಲ್ಲಿ ಜೀವನಾಂಶ ಸಿಗೋದಿಲ್ಲ. ಆದರೆ ಮಕ್ಕಳ ಹಕ್ಕನ್ನು ತಾಯಿ ಬರೆದುಕೊಡೋಕೆ ಬರೋದಿಲ್ಲ. ಅಂಥ ಕಾಗದಕ್ಕೆ ಈಗಾಗಲೇ ಸಹಿ ಹಾಕಿದ್ದರೂ ಮಕ್ಕಳ ಪರವಾಗಿ ಅರ್ಜಿ ಹಾಕಿ.

ಆದೇಶ ಆದ ಮೇಲೂ ದುಡ್ಡು ಬರದಿದ್ದರೆ ಬಾಕಿ ಆದ ಒಂದು ವರ್ಷದೊಳಗೆ ವಸೂಲಿ ಅರ್ಜಿ ಹಾಕಲೇಬೇಕು. ವಾರಂಟ್ ಆಗುತ್ತದೆ, ಆಮೇಲೂ ಕಟ್ಟದಿದ್ದರೆ ಪ್ರತಿ ತಿಂಗಳ ಬಾಕಿಗೆ ಒಂದು ತಿಂಗಳವರೆಗೆ ಜೈಲೂ ಆಗಬಹುದು. ಜೈಲಿಗೆ ಹೋಗಿ ಬಂದರೂ ಬಾಕಿ ತೀರೋದಿಲ್ಲ. ನನ್ನ ಕಕ್ಷಿದಾರರಿಗೆ ನಾನು ಹೇಳೋದು, ಮಳೆಗಾಲ ಕಳೆಯುತ್ತಿದ್ದಂತೆ ವಸೂಲಿ ಅರ್ಜಿ ಹಾಕಿ ಅಂತ. ನೋಟಿಸು, ವಾರಂಟು ಅಂತ ಓಡಾಡುವಷ್ಟರಲ್ಲಿ ಕೊಯ್ಲು ಮುಗಿದಿರುತ್ತದೆ, ಕಾಫಿ ದುಡ್ಡು ಅವರ ಕೈಯಲ್ಲಿರುತ್ತದೆ.